ಸೂರಿನ ಕೆಳಗಿನ ಕುಸ್ತಿ

ಬಯಲಿನಲ್ಲಿ ಯಾರು ಏನು ಆಡಿದರೂ ನಾನು ಕಡಲೆಕಾಯಿ ಸುಲಿಯುತ್ತ ನೆಮ್ಮದಿಯಾಗಿ ನೋಡಬಲ್ಲೆ. ಅದೇ ಆಟವನ್ನು ಸೂರಿನ ಕೆಳಗೆ ಆಡಿದರೆ ಮಾತ್ರ ನನ್ನ ಎದೆ ಡವಡವ ಹೊಡೆದುಕೊಳ್ಳುತ್ತದೆ. ಮೊನ್ನೆ ಮಂಡ್ಯದಲ್ಲಿ ಮೊಮ್ಮಗಳ ಷಟಲ್ ಪಂದ್ಯ ಇತ್ತು. ಮೇಲೆ ತಗಡು, ಸುತ್ತ ಗೋಡೆ, ಮುಚ್ಚಿದ ಬಾಗಿಲು. ಆ ಪುಕ್ಕದ ಚೆಂಡು ಬಡಿದರೆ ನೊಣವೂ ಸಾಯುವುದಿಲ್ಲ. ಆದರೂ ನನ್ನ ಅಂಗೈ ಬೆವರಿ, ನಾಲಗೆ ಒಣಗಿ, ಪಕ್ಕದಲ್ಲಿ ಕೂತಿದ್ದ ಹೆಂಗಸು ಗಾಬರಿಯಾಗಿ, "ಅಜ್ಜಿ, ಬಿಪಿ ಮಾತ್ರೆ ತಗೊಂಡಿದ್ದೀರಾ?" ಎಂದು ಕೇಳಿದಳು.

"ಮಾತ್ರೆಗೆ ಬಗ್ಗೋ ಕಾಯಿಲೆ ಅಲ್ಲಮ್ಮ ಇದು. ಮದ್ದೂರಿನ ಬೆಲ್ಲದ ಮಂಡೀಲಿ ಹತ್ಕೊಂಡಿದ್ದು," ಎಂದೆ.

ಅವಳು ಮೆಲ್ಲಗೆ ಒಂದು ಕುರ್ಚಿ ಆಚೆಗೆ ಸರಿದು ಕೂತಳು. ನೀವಾದರೂ ಸರಿಯಬೇಡಿ, ಹೇಳುತ್ತೇನೆ.

ನನ್ನ ಅಪ್ಪ ಕೆರಗೋಡಿನಲ್ಲಿ ಸ್ಕೂಲು ಮೇಷ್ಟರು. ಹೆಣ್ಣುಮಕ್ಕಳಿಗೆ ಓದು ಯಾಕೆ ಎಂದು ಊರೆಲ್ಲ ಕೇಳುತ್ತಿದ್ದಾಗ ನನ್ನನ್ನು ಮಿಡ್ಲ್‌ಸ್ಕೂಲಿನವರೆಗೆ ಓದಿಸಿದರು. ಆಮೇಲೆ ಅಷ್ಟೇ ಧೈರ್ಯದಿಂದ ಮಳವಳ್ಳಿ ರಸ್ತೆಯ ಕಡೆಯ ಒಂದು ಬೇಸಾಯದ ಮನೆಗೆ ಕೊಟ್ಟುಬಿಟ್ಟರು. ಆಗ ಯುದ್ಧದ ಕಾಲ. ಸೀಮೆಎಣ್ಣೆಗೂ ಬಟ್ಟೆಗೂ ಪರದಾಟ. ನನ್ನ ಕೈಹಿಡಿದವರು ಪೈಲ್ವಾನರು. ಸುತ್ತಲಿನ ಹತ್ತೂರಿನಲ್ಲಿ ಅವರ ಬೆನ್ನಿಗೆ ಮಣ್ಣು ಮೆತ್ತಿದ ಗಂಡಸು ಹುಟ್ಟಿಲ್ಲ ಎಂಬ ಮಾತಿತ್ತು. ನನಗೋ, ಪಾಟಿಚೀಲ ಹೊತ್ತರೆ ಸೊಂಟ ವಾಲುತ್ತಿದ್ದ ಮೈಕಟ್ಟು. ಮದುವೆಯ ಮಾರನೆಯ ಬೆಳಗ್ಗೆ ಅವರು ಹಟ್ಟಿಯಲ್ಲಿ ನಿಂತು ಒಂದು ಸಲ ಕೆಮ್ಮಿದರು. ಕಟ್ಟಿದ್ದ ಎಮ್ಮೆ ಎದ್ದು ನಿಂತಿತು. ನಾನೂ ಎದ್ದು ನಿಂತೆ.

ಆ ಮನೆಯಲ್ಲಿ ನನ್ನನ್ನು ಹೆದರಿಸುತ್ತಿದ್ದದ್ದು ಎರಡು. ಒಂದು, ಅವರ ಹೆಸರು. ಗಂಡನ ಹೆಸರನ್ನು ಹೆಂಡತಿ ಬಾಯಿಬಿಟ್ಟು ಹೇಳಿದರೆ ಅವನ ಆಯುಸ್ಸು ಕಮ್ಮಿಯಾಗುತ್ತದಂತೆ. ಮದುವೆಮನೆಯಲ್ಲಿ ನೆಂಟರ ಹೆಂಗಸರು ಬಾಗಿಲಿಗೆ ಅಡ್ಡ ನಿಂತು, "ಎಸ್ರು ಯೋಳು, ಒಳಕ್ ಬುಡ್ತೀವಿ" ಎಂದು ಕಾಡಿದಾಗ ನಾನು ಅತ್ತೆಯ ಸೊಂಟ ಹಿಡಿದುಕೊಂಡು ಅತ್ತುಬಿಟ್ಟಿದ್ದೆ. ಕೊನೆಗೆ ಅತ್ತೆಯೇ, "ಬುಡ್ರಮ್ಮಿ ಮಗೀನ, ಮೇಷ್ಟ್ರ ಮಗ್ಳು, ಬರ್ದು ತೋರುಸ್ತಾಳೆ" ಎಂದು ಗದರಿ ಒಳಗೆ ಕರೆದುಕೊಂಡಿದ್ದರು. ಮನೆದೇವರ ಹೆಸರೂ ಅವರ ಹೆಸರೂ ಒಂದೇ ಆದ್ದರಿಂದ ನಾನು ದೇವರಿಗೂ ಬರಿಯ 'ಸ್ವಾಮಿ' ಎಂದೇ ಕೈಮುಗಿಯುತ್ತಿದ್ದೆ.

ಇನ್ನೊಂದು, ನನ್ನ ಕಾಲ್ಗುಣ. ಗರಡಿಯ ಉಸ್ತಾದ್ ನಂಜಣ್ಣನವರಿಗೆ ಈ ಮದುವೆ ಸುತರಾಂ ಇಷ್ಟವಿರಲಿಲ್ಲ. "ಮದ್ವೆ ಆದ ಪೈಲ್ವಾನ ಅರ್ಧ ಪೈಲ್ವಾನ ಕಣ್ಲಾ" ಎಂದು ಚಪ್ಪರದಲ್ಲೇ ಕೂತು ಪಾಯಸ ಉಣ್ಣುತ್ತ ಹೇಳಿದ್ದರಂತೆ. ಆ ಮಾತು ಊರೆಲ್ಲ ಹಬ್ಬಿತ್ತು. ನಾಲೆಯ ಹತ್ತಿರ ಬಟ್ಟೆ ಒಗೆಯುವಾಗ ಹೆಂಗಸರು ನನ್ನ ಪಾದಗಳನ್ನು ನೋಡುತ್ತಿದ್ದರು. ಮೊದಲ ಕುಸ್ತಿ ಆಗಲಿ, ಆಮೇಲೆ ಹೇಳೋಣ ಎಂಬಂಥ ನೋಟ. ನಾನು ಪಾದಗಳನ್ನು ನೀರಿನೊಳಗೇ ಇಟ್ಟುಕೊಂಡು ಒಗೆಯುತ್ತಿದ್ದೆ.

ಆ ಮೊದಲ ಕುಸ್ತಿ ಮದ್ದೂರಿನಲ್ಲಿ ಗೊತ್ತಾಯಿತು. ಎದುರು ಜೋಡಿ ಮೈಸೂರಿನ ಒಬ್ಬ ಹಿರಿಯ ಪೈಲ್ವಾನರು. ಆಟ ಎಂದಿನಂತೆ ಬಯಲಿನಲ್ಲಿ ನಡೆಯಬೇಕಿತ್ತು. ಆದರೆ ಆ ವರ್ಷ ಮಳೆ ಹಿಡಿದದ್ದು ಬಿಡಲೇ ಇಲ್ಲ. ಪೈಲ್ವಾನರು ಇಳಿಯಲೆಂದು ತೋಡಿಟ್ಟಿದ್ದ ಮಟ್ಟಿಯಲ್ಲಿ ನೀರು ನಿಂತು ಕಪ್ಪೆಗಳು ಕುಸ್ತಿಗಿಳಿದಿದ್ದವು. ಆಗ ಬೆಲ್ಲದ ಮಂಡಿಯ ಸಾಹುಕಾರರೊಬ್ಬರು ರೈಲು ನಿಲ್ದಾಣದ ಕಡೆಗಿದ್ದ ತಮ್ಮ ತಗಡಿನ ಶೆಡ್ಡನ್ನು ಬಿಟ್ಟುಕೊಟ್ಟರು. ಕಬ್ಬಿನ ಕಾಲ ಮುಗಿದು ಶೆಡ್ಡು ಖಾಲಿಯಿತ್ತು. ಹಿಂದಿನ ಬೇಸಿಗೆಯಲ್ಲಿ ಒಂದು ನಾಟಕದ ಕಂಪನಿ ಅಲ್ಲಿ ಬಿಡಾರ ಮಾಡಿತ್ತು. ಅವರು ಹೋಗುವಾಗ ಪರದೆ, ಕಿರೀಟ, ಸಿಂಹಾಸನ ಎಲ್ಲವನ್ನೂ ಹೊತ್ತುಕೊಂಡು ಹೋಗಿದ್ದರು. ಹೆಂಗಸರು ಕೂರಲೆಂದು ಕಟ್ಟಿದ್ದ ಮರದ ಅಟ್ಟವನ್ನು ಮಾತ್ರ ಹೊರಲಾಗದೆ ಬಿಟ್ಟುಹೋಗಿದ್ದರು. ಸಾಹುಕಾರರು ಅದನ್ನು ನೋಡಿ, ಕುಸ್ತಿಗೆ ಹೆಂಗಸರೂ ಬರಬಹುದೆಂದು ತಮಟೆ ಹೊಡೆಸಿದರು.

ನಮ್ಮ ಕಡೆ ಹೆಂಗಸರು ಕುಸ್ತಿಯ ಮಟ್ಟಿಯ ಹತ್ತಿರ ಸುಳಿಯುತ್ತಿರಲಿಲ್ಲ. ನನ್ನ ಅತ್ತೆ ತಮ್ಮ ಮಗನಿಗೆ ಅಷ್ಟು ವರ್ಷ ಹಾಲು ಬೆಣ್ಣೆ ಇಕ್ಕಿ ಬೆಳೆಸಿದ್ದರು. ಮೈಯ ಕೆಮ್ಮಣ್ಣು ತೊಳೆದಿದ್ದರು, ಉಳುಕಿಗೆ ಎಣ್ಣೆ ನೀವಿದ್ದರು. ಆ ಮಗ ಕುಸ್ತಿ ಮಾಡುವುದನ್ನು ಮಾತ್ರ ಒಂದು ದಿನವೂ ಕಂಡಿರಲಿಲ್ಲ. ತಮಟೆಯ ಸುದ್ದಿ ಕೇಳಿದ್ದೇ ಒರಳು ಬಿಟ್ಟು ಎದ್ದು ಬಂದರು.

"ಓಗವಾ ಬಾ ಮಗಾ. ನನ್ ಮಗ ಎಂಗೆ ಗೆಲ್ತಾನೆ ಅಂತ ಒಂದ್ಸಲ ಕಣ್ತುಂಬ ನೋಡ್ಬುಡ್ತೀನಿ."

"ಅತ್ತೆಮ್ಮ, ನಾನ್ಯಾಕೆ? ನೀವು ಹೋಗ್ಬನ್ನಿ."

"ನಾನೊಬ್ಳೆ ಎಂಗೋಗ್ಲಿ? ಎದೆ ನಿಂತೋದ್ರೆ ಇಡ್ಕಳಾಕೆ ಒಬ್ರು ಬ್ಯಾಡ್ವಾ?"

ಹೀಗೆ, ಅತ್ತೆಯ ಎದೆ ಹಿಡಿದುಕೊಳ್ಳುವ ಕೆಲಸಕ್ಕೆ ನೇಮಕವಾಗಿ ನಾನೂ ಹೊರಟೆ. ನನ್ನ ಎದೆ ಯಾರು ಹಿಡಿಯಬೇಕು ಎಂದು ಯಾರೂ ಯೋಚಿಸಲಿಲ್ಲ. ಪೆಟ್ರೋಲು ಸಿಗದೆ ಬಸ್ಸುಗಳೆಲ್ಲ ಇದ್ದಿಲು ಉರಿಸಿ ಓಡುತ್ತಿದ್ದ ಕಾಲ ಅದು. ಬಸ್ಸಿನ ಹಿಂದೆ ಒಂದು ಒಲೆ, ಅದನ್ನು ಕೆದಕಲು ಒಬ್ಬ ಆಳು. ಏರು ಬಂದಾಗ ಗಂಡಸರೆಲ್ಲ ಇಳಿದು ತಳ್ಳುವರು. ನಮ್ಮವರು ಹಿಂದಿನ ದಿನವೇ ಉಸ್ತಾದರ ಜೊತೆ ಹೋಗಿದ್ದರಿಂದ ತಳ್ಳುವವರಿಗೆ ಬಲ ಸಾಲದೆ, ಬಸ್ಸು ಏದುಸಿರು ಬಿಡುತ್ತ ಮದ್ದೂರು ಸೇರಿತು.

ಆ ಶೆಡ್ಡನ್ನು ನಾನು ಇವತ್ತಿಗೂ ಮರೆತಿಲ್ಲ. ಗೋಡೆಗೋಡೆಗೂ ಬೆಲ್ಲದ ವಾಸನೆ. ನೆಲದ ನಡುವೆ ಗಾಡಿಗಟ್ಟಲೆ ಕೆಮ್ಮಣ್ಣು ಸುರಿದು, ಎಣ್ಣೆ ಅರಿಶಿನ ಬೆರೆಸಿ, ಹಾಸಿಗೆಯ ಹಾಗೆ ಮಟ್ಟಿ ಮಾಡಿದ್ದರು. ಸುತ್ತ ಗಂಡಸರು ತೊಡೆಗೆ ತೊಡೆ ತಾಗಿಸಿ ಕೂತಿದ್ದರು, ಹಿಂದೆ ನಿಂತಿದ್ದರು, ಕಂಬಕ್ಕೂ ಹತ್ತಿದ್ದರು. ಚೀಟಿಯಿಲ್ಲದವರು ನುಗ್ಗುತ್ತಾರೆಂದು ಆ ದೊಡ್ಡ ಬಾಗಿಲನ್ನು ಎಳೆದು ಅಗುಳಿ ಹಾಕಿದರು. ಆ ಸದ್ದಿಗೆ ನಾನು ತಿರುಗಿ ಬಾಗಿಲನ್ನೇ ನೋಡಿದೆ. ಬಯಲಾಗಿದ್ದರೆ ನೋಡಲಾಗದಿದ್ದಾಗ ಎದ್ದು ಹೋಗಬಹುದು, ಬೇವಿನ ಮರ ನೋಡಬಹುದು, ಆಕಾಶ ನೋಡಬಹುದು. ಇಲ್ಲಿ ಕಣ್ಣು ಎತ್ತ ತಿರುಗಿಸಿದರೂ ತಗಡು, ಗೋಡೆ, ಜನದ ತಲೆ. ಎಲ್ಲ ಸುತ್ತಿ ಬಂದು ಕಣ್ಣು ಆ ಮಣ್ಣಿನ ಮೇಲೇ ಬೀಳಬೇಕು.

ಸದ್ದಿನದು ಇನ್ನೊಂದು ಕಾಟ. ಬಯಲಿನ ಕೂಗನ್ನು ಗಾಳಿ ಒಯ್ದುಬಿಡುತ್ತದೆ. ತಗಡಿನ ಕೆಳಗೆ ಅದಕ್ಕೆ ಹೋಗಲು ದಾರಿಯಿಲ್ಲ. ಒಬ್ಬ ಪೈಲ್ವಾನ ತೊಡೆ ತಟ್ಟಿದರೆ ನಾಲ್ಕು ಜನ ತಟ್ಟಿದ ಹಾಗೆ, ಒಬ್ಬ ಬಿದ್ದರೆ ಮನೆಯೇ ಕುಸಿದ ಹಾಗೆ. ಚಿಕ್ಕಪುಟ್ಟ ಜೋಡಿಗಳು ಆಡುವಾಗಲೇ ಅತ್ತೆ ಪ್ರತಿಯೊಂದು ಸದ್ದಿಗೂ, "ಯಾರ್ ಬಿದ್ದೋರು? ನಮ್ಮೋನಾ?" ಎನ್ನುತ್ತಿದ್ದರು. ನಮ್ಮವರು ಇನ್ನೂ ಅಂಗಿಯನ್ನೇ ಬಿಚ್ಚಿರಲಿಲ್ಲ.

ಇದರ ಜೊತೆಗೆ ಇರುವೆ. ಬೆಲ್ಲದ ಶೆಡ್ಡಿನ ಇರುವೆಗಳು ಆ ಮಳೆಗಾಲದಲ್ಲಿ ತಿನ್ನಲು ಏನೂ ಸಿಗದೆ ಅಟ್ಟದ ಹಲಗೆಗಳ ಸಂದಿನಲ್ಲಿ ಸೇರಿಕೊಂಡಿದ್ದವು. ಸಾಲಾಗಿ ಕೂತಿದ್ದ ಹೆಂಗಸರೆಲ್ಲ ಕಾಲು ಕೆರೆಯುತ್ತಿದ್ದರು. ನಾನು ಮಾತ್ರ ಅಲುಗದೆ ಕೂತಿದ್ದೆ. ಇರುವೆ ಕಚ್ಚಿದ್ದೂ ಗೊತ್ತಾಗದಷ್ಟು ಹೆದರಿಕೆ. ಅಟ್ಟದಲ್ಲಿ ನಮ್ಮೂರಿನ ಹೆಂಗಸರೂ ಇದ್ದರು. ನನ್ನ ಕಾಲ್ಗುಣಕ್ಕೆ ಸಾಕ್ಷಿ ಹೇಳಲೆಂದೇ ಬಂದವರಂತೆ ಕೂತಿದ್ದರು.

ನಮ್ಮವರು ಇಳಿದರು. ಮಣ್ಣು ಮುಟ್ಟಿ ಹಣೆಗೆ ಒತ್ತಿಕೊಂಡರು. ಎದುರಿಗೆ ಮೈಸೂರಿನ ಪೈಲ್ವಾನರು ಬಂದು ನಿಂತರು. ಅವರ ಕಿವಿಗಳು ಗೋಡಂಬಿಯ ಹಾಗೆ ಮುದುಡಿಹೋಗಿದ್ದವು. ಗರಡಿಯಲ್ಲಿ ಬಹಳ ಉರುಳಾಡಿದವರ ಕಿವಿ ಹಾಗಾಗುತ್ತದೆಂದು ಅತ್ತೆ ಹೇಳಿದರು. ನಮ್ಮವರ ಕಿವಿ ಇನ್ನೂ ನೆಟ್ಟಗಿತ್ತು. ಅಷ್ಟರಿಂದಲೇ ನನಗೆ ಯಾರು ಗೆಲ್ಲುತ್ತಾರೆಂದು ಗೊತ್ತಾಗಿಹೋಯಿತು.

ಮೊದಲು ಸಮಸಮವಾಗಿಯೇ ನಡೆಯಿತು. ಎಳೆದಾಡಿದರು, ದಬ್ಬಾಡಿದರು. ನಮ್ಮವರು ಒಂದು ಸಲ ಆ ದೊಡ್ಡ ಮೈಯನ್ನು ಎತ್ತಿಯೇಬಿಟ್ಟರು. ಶೆಡ್ಡು ಹಾರಿಹೋಗುವಂಥ ಕೂಗು. ಅತ್ತೆ ನನ್ನ ತೋಳಿಗೆ ಉಗುರು ಊರಿದರು. ಅಷ್ಟರಲ್ಲಿ ಅದೇನಾಯಿತೋ, ಇಬ್ಬರೂ ಕೆಳಗೆ ಬಿದ್ದು, ಮೈಸೂರಿನವರ ತೋಳು ನಮ್ಮವರ ಕತ್ತಿಗೆ ಸುತ್ತಿಕೊಂಡಿತು. ಇಬ್ಬರೂ ಮಂಡಿಯೂರಿ, ತಲೆ ಕೆಳಗೆ ಹಾಕಿ, ಕಲ್ಲಿನ ಹಾಗೆ ನಿಂತುಬಿಟ್ಟರು. ಯಾರು ಮೊದಲು ಅಲುಗುತ್ತಾರೆಂದು ಅಷ್ಟೂ ಜನ ಉಸಿರು ಹಿಡಿದರು.

ಕೆಳಗಿದ್ದವರಿಗೆ ಕಾಣುತ್ತಿದ್ದದ್ದು ಬೆನ್ನುಗಳು ಮಾತ್ರ. ತೀರ್ಪು ಹೇಳುವವರು ಆಚೆ ಬದಿಯಲ್ಲಿದ್ದರು. ಉಸ್ತಾದರು ಅವರ ಹಿಂದೆ. ಅಟ್ಟದ ಮೇಲಿದ್ದ ನಮಗೆ ಮಾತ್ರ ಆ ತೋಳಿನ ಸಂದಿಯಲ್ಲಿ ನಮ್ಮವರ ಮುಖ ಕಾಣುತ್ತಿತ್ತು. ಅದು ಕೆಂಪಗಿತ್ತು, ಆಮೇಲೆ ಕಪ್ಪಗಾಯಿತು. ತುಟಿ ನೇರಳೆಹಣ್ಣು ತಿಂದವರ ಹಾಗೆ ಆಯಿತು. ಕಣ್ಣುಗುಡ್ಡೆ ಮೇಲಕ್ಕೆ ಹೊರಳಿತು. ಸೋತೆನೆಂದು ಒಂದು ಕೈ ಎತ್ತಿದರೆ ಮುಗಿಯುತ್ತಿತ್ತು. ಅವರ ಬಲಗೈ ಬಿಡುವಾಗಿಯೇ ಇತ್ತು. ಅದು ಮಣ್ಣನ್ನು ಹಿಡಿದುಕೊಂಡಿತ್ತೇ ಹೊರತು ಮೇಲೇಳಲಿಲ್ಲ. ಯಾಕೆಂದು ನನಗೆ ಗೊತ್ತಿತ್ತು. ಅದು ಮದುವೆಯಾದ ಮೇಲಿನ ಮೊದಲ ಕುಸ್ತಿ. ಆ ಕೈ ಎದ್ದರೆ ಸೋಲಿನ ದೂರು ನನ್ನ ಕಾಲ್ಗುಣದ ಮೇಲೆ ಬೀಳುತ್ತಿತ್ತು.

ಅತ್ತೆಯ ಕಡೆ ನೋಡಿದೆ. ಅವರ ಬಾಯಿ ತೆರೆದಿತ್ತು, ಸದ್ದು ಬರುತ್ತಿರಲಿಲ್ಲ.

ಕೂಗಬೇಕು. ಏನೆಂದು ಕೂಗಲಿ? 'ರೀ' ಎಂದರೆ ಅಲ್ಲಿದ್ದ ಗಂಡಸರೆಲ್ಲ ತಿರುಗಿ ನೋಡಿಯಾರು. 'ಇವರೇ' ಎಂದರೆ ಯಾರಿಗೆ ತಿಳಿಯಬೇಕು? ಹೆದರಿದಾಗ ಬುದ್ಧಿ ಎಂಥ ಸಣ್ಣ ಸಣ್ಣ ವಿಷಯಗಳಿಗೆ ಜೋತು ಬೀಳುತ್ತದೆ ನೋಡಿ. ಗಂಡನ ಪ್ರಾಣ ಹೋಗುತ್ತಿದೆ, ನಾನು ಸಂಬೋಧನೆ ಹುಡುಕುತ್ತಿದ್ದೆ. ಆಮೇಲೆ ಯಾರೋ ಎದ್ದು ನಿಂತರು. ಯಾರೋ ಅಟ್ಟದ ಅಡ್ಡಗಂಬಿ ಹಿಡಿದು, ಗಂಟಲು ಹರಿಯುವ ಹಾಗೆ ಕೂಗಿದರು:

"ಬೋರೇಗೌಡಾ! ಸತ್ತೋಗ್ತೀಯ! ಕೈ ಎತ್ತೋ!"

ಅದು ನಾನೇ ಎಂದು ಗೊತ್ತಾಗಲು ನನಗೆ ಸ್ವಲ್ಪ ಹೊತ್ತು ಬೇಕಾಯಿತು.

ಹೆಸರು ಹಿಡಿದದ್ದಲ್ಲದೆ ಏಕವಚನ. ಏಕವಚನವಷ್ಟೇ ಅಲ್ಲ, 'ಎತ್ತೋ'. ಆ ತಗಡು ಅದನ್ನು ಒಂದು ಸಲ ಹೇಳಿ ಸುಮ್ಮನಾಗಲಿಲ್ಲ. ಈ ಗೋಡೆಗೆ ಹೇಳಿತು, ಆ ಗೋಡೆಗೆ ಹೇಳಿತು, ಕಂಬ ಹತ್ತಿದವರಿಗೂ ಹೇಳಿತು. ಅಷ್ಟು ಗಂಡಸರ ಮುಖಗಳು ಒಟ್ಟಿಗೆ ಮೇಲೆ ತಿರುಗಿದವು. ಮೈಸೂರಿನ ಪೈಲ್ವಾನರೂ ಬೆಚ್ಚಿ ತಲೆ ಎತ್ತಿದರು, ತೋಳು ಸಡಿಲವಾಯಿತು. ತೀರ್ಪಿನವರು ಸುತ್ತಿಕೊಂಡು ಓಡಿ ಬಂದು ಮುಖ ನೋಡಿದವರೇ, "ಬುಡಿ, ಬುಡಿ!" ಎಂದು ಇಬ್ಬರನ್ನೂ ಬಿಡಿಸಿದರು. ನಮ್ಮವರು ಕಡಿದ ಬಾಳೆಯ ಹಾಗೆ ಮಣ್ಣಿಗೆ ಬಿದ್ದರು.

ಅತ್ತೆ ಅಟ್ಟದ ಏಣಿಯನ್ನು ಹೇಗೆ ಇಳಿದರೋ ಕಾಣೆ. ನಾನು ಇಳಿಯಲಿಲ್ಲ. ಮೇಲಿನಿಂದಲೇ ನೋಡಿದೆ. ನೀರು ಚಿಮುಕಿಸಿದರು, ಎದೆ ತಿಕ್ಕಿದರು, ಉಸ್ತಾದರು ಕೆನ್ನೆ ಕೆನ್ನೆಗೆ ಬಡಿದರು. ಆಮೇಲೆ ಆ ಎದೆ ಒಂದು ಸಲ ಮೇಲೆದ್ದಿತು. ಹಳೆಯ ಬಾಗಿಲು ಕಿರುಗುಟ್ಟಿದಂತೆ ಉಸಿರು ಬಂತು. ಮೈಸೂರಿನವರು ಪಕ್ಕದಲ್ಲಿ ಕೂತು ನಮ್ಮವರ ತಲೆಯನ್ನು ತಮ್ಮ ತೊಡೆಯ ಮೇಲಿಟ್ಟುಕೊಂಡಿದ್ದರು. "ಸೋತೆ ಅಂತಾನೆ, ಈಗಂತಾನೆ ಅಂತ ಕಾಯ್ತಾನೇ ಇದ್ದೆ ಸ್ವಾಮಿ. ಇಂಥಾ ಹಟದೋನು ಅಂತ ನನಗೇನು ಗೊತ್ತು?" ಎಂದು ಉಸ್ತಾದರಿಗೆ ಹೇಳುತ್ತಿದ್ದದ್ದು ಆ ಶೆಡ್ಡಿನ ದೆಸೆಯಿಂದ ನನಗೂ ಕೇಳಿಸಿತು. ಗೆದ್ದವರಿಗೆಂದು ಇಟ್ಟಿದ್ದ ಬೆಳ್ಳಿಯ ಗದೆ ಅವರಿಗೆ ಹೋಯಿತು.

ಸಂಜೆಯ ಬಸ್ಸಿನಲ್ಲಿ ನಮ್ಮವರು ಕತ್ತಿಗೆ ಟವೆಲು ಸುತ್ತಿ ಮುಂದೆ ಕೂತಿದ್ದರು. ನಾನು ಹಿಂದೆ. ಊರು ಬರುವವರೆಗೆ ಒಂದು ಮಾತಿಲ್ಲ. ಮಾರನೆಯ ದಿನವೂ ಇಲ್ಲ. ಗಂಟಲು ಊದಿಕೊಂಡಿದೆ, ಮಾತಾಡಿಸಬೇಡಿ ಎಂದು ಔಷಧಿ ಕೊಟ್ಟ ಪಂಡಿತರು ಹೇಳಿದ್ದು ನಿಜ. ಆದರೆ ಇದು ಗಂಟಲಿನ ಮೌನವೋ ಸಿಟ್ಟಿನ ಮೌನವೋ? ನಾನು ಗಂಜಿ ಇಟ್ಟಾಗ ಅವರು ತಲೆ ಆಡಿಸುತ್ತಿದ್ದರು. ಆ ತಲೆ 'ಸಾಕು' ಎಂದಿತೋ 'ನೀನು ಬೇಡ' ಎಂದಿತೋ ಎಂದು ಒಲೆಯ ಮುಂದೆ ಕೂತು ಲೆಕ್ಕ ಹಾಕುತ್ತಿದ್ದೆ. ತವರಿಗೆ ಕಳಿಸಿಬಿಟ್ಟರೆ ಅಪ್ಪನಿಗೆ ಏನು ಹೇಳುವುದು? ಗಂಡನ ಹೆಸರು ಹೇಳಿದೆ ಅಂತಲೇ? ನಾಲೆಯ ಬಳಿ ನನಗೆ ಹೊಸ ಹೆಸರು ಬಿದ್ದಿತ್ತು: ಕೈ ಎತ್ತೋ. ನಾನು ಬರುವುದು ಕಂಡರೆ ಯಾವಳೋ ಒಬ್ಬಳು ಒದ್ದೆ ಬಟ್ಟೆ ಹಿಡಿದು ಕೈ ಎತ್ತುವಳು, ಉಳಿದವರು ನಗುವರು.

ಮೂರೋ ನಾಲ್ಕೋ ದಿನದ ಮೇಲೆ ಉಸ್ತಾದ್ ನಂಜಣ್ಣನವರು ಬಂದರು. ನಾನು ಬಾಗಿಲ ಹಿಂದೆ ನಿಂತೆ. ಜಗಲಿಯಲ್ಲಿ ಕೂತು ಮಜ್ಜಿಗೆ ಕುಡಿದು, ಮೀಸೆ ಒರೆಸಿಕೊಂಡು, ಅತ್ತೆಯನ್ನು ಕೇಳಿದರು.

"ಎಲ್ಲವ್ಳೆ ನಿನ್ ಸೊಸೆ?"

"ಒಳಗವ್ಳೆ ಕಣಣ್ಣ. ಚಿಕ್ ಎಣ್ಣು, ತಿಳೀನಿಲ್ಲ. ಬಯ್ಯಂಗಿದ್ರೆ ನನ್ನೇ ಬಯ್ದುಬುಡು, ಕರ್ಕೊಂಡೋದೋಳು ನಾನು."

"ಯಾಕ್ ಬಯ್ಯನಾ? ಅವ್ಳು ಕೂಗ್ದೆ ಇದ್ದಿದ್ರೆ ನಾನೀಗ ಮಜ್ಜಿಗೆ ಕುಡಿಯಾಕಲ್ಲ, ನಿನ್ ಮಗನ ತಿಥಿ ಉಣ್ಣಾಕೆ ಬರ್ಬೇಕಾಗಿತ್ತು." ಆಮೇಲೆ ಒಳಗಿದ್ದ ನಮ್ಮವರಿಗೆ ಕೇಳುವ ಹಾಗೆ ದನಿ ಏರಿಸಿದರು: "ಲೇ ಬೋರ! ಸೋಲಾಕೂ ಕಲೀಬೇಕು ಕಣ್ಲಾ. ನಾನು ನಿಂಗೆ ಅದೊಂದ ಕಲ್ಸಿರ್ನಿಲ್ಲ. ಆ ತಪ್ಪು ನಂದು."

ಉಸ್ತಾದರು ಹೋದ ಮೇಲೆ ಅತ್ತೆ ಒಳಗೆ ಬಂದು ನನ್ನ ಪಕ್ಕದಲ್ಲಿ ಕೂತರು. "ನಾನೂ ಕೂಗ್ಬೇಕು ಅಂತ ಬಾಯ್ ತೆಗ್ದಿದ್ದೆ ಕಣ್ಮಗಾ. ಎತ್ತ ತಾಯಿ ನಾನು, ಗಂಟ್ಲೇ ಬರ್ನಿಲ್ಲ" ಎಂದು ಮೆಲ್ಲಗೆ ಹೇಳಿ, ಸೊಪ್ಪು ಸೋಸಲು ಶುರುಮಾಡಿದರು.

ಆದರೂ ನಮ್ಮವರು ಮಾತಾಡಲಿಲ್ಲ. ಮಾತಾಡಿದ್ದು ಇನ್ನೂ ಕೆಲವು ದಿನದ ಮೇಲೆ. ಉಣ್ಣುತ್ತ ಕೂತಿದ್ದವರು ಕತ್ತು ಸವರಿಕೊಂಡು, ಕೀರಲು ದನಿಯಲ್ಲಿ, "ಸಾರಿಗೆ ಉಪ್ಪು ಕಮ್ಮಿ" ಎಂದರು. ಅಷ್ಟೇ. ನಾನು ಉಪ್ಪು ತರಲು ಒಳಗೆ ಹೋಗಿ, ಉಪ್ಪಿನ ಮಡಕೆಯ ಮುಂದೆ ಕೂತು ಬಿಕ್ಕಿ ಬಿಕ್ಕಿ ಅತ್ತೆ. ಸಂತೋಷಕ್ಕೋ ದುಃಖಕ್ಕೋ, ಈಗಲೂ ಬಗೆಹರಿದಿಲ್ಲ. ಕುಸ್ತಿಯ ಸುದ್ದಿಯನ್ನು ಅವರು ಎತ್ತಲಿಲ್ಲ. ಕೇಳುವ ಧೈರ್ಯ ನನಗೆ ಬರಲಿಲ್ಲ.

ಮುಂದಿನ ವರ್ಷ ಅದೇ ಶೆಡ್ಡಿನಲ್ಲಿ, ಅದೇ ಮೈಸೂರಿನ ಪೈಲ್ವಾನರ ಜೊತೆ ಮತ್ತೆ ಜೋಡಿ ಕಟ್ಟಿದರು. ನಾನು ಬರುವುದಿಲ್ಲವೆಂದೆ. ಕಂಕುಳಲ್ಲಿ ಕೂಸಿತ್ತು, ನೆವವೂ ಇತ್ತು. ನಮ್ಮವರು ಹೊರಟರು. ಹೊಸ್ತಿಲು ದಾಟಿದವರು ತಿರುಗಿ, ನನ್ನನ್ನಲ್ಲ, ತಮ್ಮ ತಾಯಿಯನ್ನು ನೋಡಿ, "ಅವ್ವಾ, ಇಬ್ರೂ ಬನ್ನಿ" ಎಂದರು.

ಹೋದೆವು. ಕೂಸನ್ನು ಓರಗಿತ್ತಿಗೆ ಒಪ್ಪಿಸಿ ಹೋದೆವು. ಮತ್ತೆ ಅದೇ ಅಗುಳಿಯ ಸದ್ದು, ಅದೇ ಇರುವೆ. ನಾನು ಅಟ್ಟದ ಮೇಲೆ ಕಾಣಿಸಿಕೊಂಡಿದ್ದೇ ಕೆಳಗಿನ ಗಂಡಸರಲ್ಲಿ ಗುಸುಗುಸು ಎದ್ದಿತು. ಈ ಸಲ ಏನೇ ಆಗಲಿ ಬಾಯಿ ಬಿಡುವುದಿಲ್ಲ ಎಂದುಕೊಂಡು, ಸೆರಗನ್ನು ಉಂಡೆ ಮಾಡಿ ಬಾಯಿಗೆ ತುರುಕಿಕೊಂಡೆ. ಕುಸ್ತಿ ಬಹಳ ಹೊತ್ತು ನಡೆಯಿತು. ನಮ್ಮವರು ಒಮ್ಮೆ ಕೆಳಗೆ ಸಿಕ್ಕಿಬಿದ್ದರು. ಬಗ್ಗಿ ಬಗ್ಗಿ ಮುಖ ನೋಡಿದೆ. ಕೆಂಪಗಿತ್ತು, ಕಪ್ಪಗಾಗಲಿಲ್ಲ. ಅವರ ಕಣ್ಣು ಅಟ್ಟದ ಕಡೆಗೇ ಇತ್ತು. ನಾನು ಬಟ್ಟೆ ಕಚ್ಚಿದೆ. ಆಮೇಲೆ ಆ ದೊಡ್ಡ ಮೈಯ ಕೆಳಗಿನಿಂದ ಮೀನು ನುಣುಚಿದ ಹಾಗೆ ನುಣುಚಿ ಬಂದು, ಹಿಂದಿನಿಂದ ಸೊಂಟ ಹಿಡಿದು ಎತ್ತಿ, ಮೈಸೂರಿನವರ ಬೆನ್ನನ್ನು ಮಣ್ಣಿಗೆ ಮುಟ್ಟಿಸಿಬಿಟ್ಟರು. ಶೆಡ್ಡು ಸಿಡಿಯಿತು. ಪೇಟಗಳು ತಗಡಿಗೆ ಬಡಿದವು. ಅಕ್ಕಪಕ್ಕದ ಹೆಂಗಸರು ಕಿರುಚುತ್ತಿದ್ದರು, ಅತ್ತೆ ಅಳುತ್ತಿದ್ದರು. ಸೆರಗು ಬಾಯಿಂದ ತೆಗೆಯಬೇಕೆಂಬುದೂ ಮರೆತು ನಾನು ಕೂತೇ ಇದ್ದೆ.

ಸಂಜೆಯ ಬಸ್ಸಿನಲ್ಲಿ ಗದೆಯನ್ನು ಕಾಲಸಂದಿಯಲ್ಲಿ ನಿಲ್ಲಿಸಿಕೊಂಡು ನಮ್ಮವರು ನನ್ನ ಪಕ್ಕದಲ್ಲೇ ಬಂದು ಕೂತರು. ನಾಲ್ಕು ಜನ ನೋಡುತ್ತಿದ್ದರು. ನಾನು ಕಿಟಕಿಗೆ ಅಂಟಿಕೊಂಡೆ. ಬಹಳ ದೂರ ಬಂದ ಮೇಲೆ ಅವರು ಮುಂದೆ ನೋಡುತ್ತಲೇ ಕೇಳಿದರು.

"ಯಾಕಮ್ಮಿ ಕೂಗ್ನಿಲ್ಲ?"

"ಗೆಲ್ತಿದ್ರಲ್ಲ," ಎಂದೆ.

"ಗೆಲ್ವಾಗ ಕೂಗ್ಬಾರ್ದು ಅಂತ ಯಾರಂದೋರು? ಕೆಳಗ್ ಸಿಕ್ಕಾಕಂಡಾಗ್ಲಿಂದ ಕಾಯ್ತಾ ಇದ್ದೆ. ಅಷ್ಟ್ ಜನ ಕೂಗುದ್ರು, ನಿನ್ ದನಿ ಒಂದೇ ಬರ್ನಿಲ್ಲ."

ಬಸ್ಸು ಏರು ಹತ್ತುತ್ತಿತ್ತು. ಇದ್ದಿಲಿನ ಹೊಗೆ, ಎಂಜಿನ್ನಿನ ಗೋಳಾಟ, ಮೂಟೆಗಳ ಮೇಲೆ ಕೋಳಿಗಳ ಗಲಾಟೆ. ಯಾರಿಗೂ ಏನೂ ಕೇಳಿಸದು ಎಂಬ ಧೈರ್ಯದ ಮೇಲೆ ನಾನು ಕಿಟಕಿಯ ಕಡೆ ತಿರುಗಿ, ತುಟಿ ಅಲುಗಿತೋ ಇಲ್ಲವೋ ಎಂಬಷ್ಟು ಮೆಲ್ಲಗೆ, ಅವರ ಹೆಸರು ಹೇಳಿದೆ.

ಮುಂದಿನ ಸೀಟಿನಿಂದ ಅತ್ತೆ ಹಿಂದಕ್ಕೆ ತಿರುಗಿ ನೋಡಿದರು.

"ನಂಗೆ ಕೇಳುಸ್ತು ಕಣ್ಮಗಾ," ಎಂದರು. "ಅವ್ನಿಗೆ ಕೇಳುಸ್ನಿಲ್ಲ. ಇನ್ನೊಸಿ ಜೋರಾಗನ್ನು."